ಡ್ರೈಯರ್ ತಿರುಗುತ್ತದೆ, ಬಿಸಿಯಾಗುವುದಿಲ್ಲ: ಥರ್ಮಲ್ ಫ್ಯೂಸ್ ಹುಡುಕಿ ಪರೀಕ್ಷಿಸುವ ಕ್ರಮ

ಡ್ರಮ್ ತಿರುಗುತ್ತಿರುತ್ತದೆ, ದೀಪಗಳೆಲ್ಲ ಉರಿಯುತ್ತಿರುತ್ತವೆ. ಒಂದೂವರೆ ಗಂಟೆ ಬಿಟ್ಟು ಬಾಗಿಲು ತೆಗೆದರೆ ಬೆಡ್‌ಶೀಟು ಹಾಕಿದಾಗ ಎಷ್ಟು ತಣ್ಣಗಿತ್ತೋ ಅಷ್ಟೇ ತಣ್ಣಗಿರುತ್ತದೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮಡಿಕೇರಿ, ನಾಪೋಕ್ಲು, ಭಾಗಮಂಡಲ ಕಡೆಯ ಮನೆ, ಹೋಂಸ್ಟೇಗಳಲ್ಲಿ ಪದೇಪದೇ ಕೇಳುವ ದೂರು ಇದು. ಶಾಖ ಮಿತಿಮೀರಿದರೆ ಕರೆಂಟ್ ಕಡಿಯುವ ಥರ್ಮಲ್ ಫ್ಯೂಸ್ ಹೋಗಿರಬೇಕು ಎಂದು ಬಹಳ ಮಂದಿ ಸರಿಯಾಗಿಯೇ ಊಹಿಸುತ್ತಾರೆ. ಎಡವುವುದು ಅಲ್ಲಿಂದ ಮುಂದೆ. ಕೆಲವರು ವೈರ್ ಬಿಚ್ಚದೆ ಮೀಟರ್ ಹಿಡಿದು, ಬೀಪ್ ಬಂತೆಂದು ಫ್ಯೂಸನ್ನು ಪಾಸು ಮಾಡಿಬಿಡುತ್ತಾರೆ. ಇನ್ನು ಕೆಲವರು ಹೊಸ ಫ್ಯೂಸ್ ಹಾಕಿ ತಗಡು ಮುಚ್ಚುತ್ತಾರೆ, ವಾರ ಕಳೆಯುವಷ್ಟರಲ್ಲಿ ಅದೂ ಹೋಗಿರುತ್ತದೆ.

ಥರ್ಮಲ್ ಫ್ಯೂಸ್ ಸುಮ್ಮನೆ ತನ್ನಷ್ಟಕ್ಕೆ ಕೆಡುವುದು ಅಪರೂಪ. ಹೀಟರ್ ಉರಿಯುತ್ತಿರುವಾಗ ಗಾಳಿ ಓಡಾಡದಿದ್ದರೆ ಅದು ಹೋಗುತ್ತದೆ. ಆದ್ದರಿಂದ ಇಲ್ಲಿ ಕೆಲಸ ಎರಡು: ಫ್ಯೂಸ್ ಹೋಗಿದೆಯೇ ಎಂದು ಖಚಿತ ಮಾಡಿಕೊಳ್ಳುವುದು, ಗಾಳಿ ಎಲ್ಲಿ ನಿಂತಿತು ಎಂದು ಹುಡುಕುವುದು. ಎರಡನೆಯದನ್ನು ಬಿಟ್ಟರೆ ಮೊದಲನೆಯದಕ್ಕೆ ಹಾಕಿದ ದುಡ್ಡು ದಂಡ.

ಮೊದಲು ನಿಮ್ಮ ಯಂತ್ರ ಯಾವ ಬಗೆ ನೋಡಿ

ಹಿಂದಿನಿಂದ ದಪ್ಪ ಕೊಳವೆ ಹೊರಟು ಬಿಸಿಗಾಳಿಯನ್ನು ಆಚೆ ಬಿಡುವ ಯಂತ್ರವಾದರೆ ಅದು ವೆಂಟೆಡ್ ಡ್ರೈಯರ್. ಕೊಳವೆ ಇಲ್ಲದೆ ನೀರು ಒಂದು ಟ್ಯಾಂಕಿನಲ್ಲಿ ಸೇರುತ್ತಿದ್ದರೆ ಕಂಡೆನ್ಸರ್ ಬಗೆ. ಈ ಎರಡರಲ್ಲೂ ವಿದ್ಯುತ್ ಹೀಟರ್ ಇರುತ್ತದೆ, ಅದನ್ನು ಕಾಯುವ ಥರ್ಮಲ್ ಫ್ಯೂಸೋ, ಅದೇ ಕೆಲಸದ ಕಟ್-ಔಟೋ ಇರುತ್ತದೆ. ಈ ಮಾರ್ಗದರ್ಶಿ ಅವುಗಳಿಗೆ. ಒಗೆದು ಒಣಗಿಸುವ ಎರಡೂ ಕೆಲಸ ಮಾಡುವ ವಾಷರ್-ಡ್ರೈಯರ್‌ನಲ್ಲಿ ಹೀಟರ್ ಸಾಮಾನ್ಯವಾಗಿ ಮೇಲಿನ ಮುಚ್ಚಳದ ಕೆಳಗಿರುತ್ತದೆ. ಪರೀಕ್ಷೆಯ ಕ್ರಮ ಅದಕ್ಕೂ ಇದೇ.

ಟ್ಯಾಂಕ್ ಇದೆ, ಜೊತೆಗೆ ಮುಂಭಾಗದಲ್ಲಿ ಹೀಟ್ ಪಂಪ್ ಎಂದು ಬರೆದಿದೆ ಎಂದಾದರೆ ಬಿಚ್ಚಲು ಹೋಗಬೇಡಿ. ಅದರಲ್ಲಿ ಫ್ರಿಜ್ಜಿನಂತೆ ಕಂಪ್ರೆಸರ್ ಇದೆ. ಕೆಲವು ಮಾದರಿಗಳಲ್ಲಿ ತುಂಬಿರುವ ಆರ್-290 ಎಂಬ ಅನಿಲ ಪ್ರೊಪೇನ್, ಬೆಂಕಿ ಹತ್ತುವಂಥದ್ದು. ವಾರಂಟಿ ಮುಗಿಯದ ಯಂತ್ರಕ್ಕೂ ಇದೇ ಮಾತು: ಕಂಪನಿಯವರನ್ನೇ ಕರೆಸಿ.

ಬೇಕಾದ ಸಾಮಾನು

ಡಿಜಿಟಲ್ ಮಲ್ಟಿಮೀಟರ್ ಇಲ್ಲದೆ ಈ ಕೆಲಸ ಆಗುವುದಿಲ್ಲ. ದುಬಾರಿಯದೇನೂ ಬೇಡ, ಓಮ್ ಅಳೆದರೆ ಸಾಕು. ಟೆಸ್ಟರ್ ಸ್ಕ್ರೂಡ್ರೈವರ್ ಫ್ಯೂಸ್ ನೋಡಲು ಉಪಯೋಗಕ್ಕೆ ಬಾರದು.

ಇದರ ಜೊತೆಗೆ ಸ್ಟಾರ್ ಸ್ಕ್ರೂಡ್ರೈವರ್, ಆರು ಮೂಲೆಯ ಟಾರ್ಕ್ಸ್ ಬಿಟ್‌ಗಳ ಒಂದು ಸೆಟ್, ನೋಸ್ ಪ್ಲೈಯರ್, ತಲೆಗೆ ಕಟ್ಟುವ ಟಾರ್ಚ್, ಹಳೆ ಟೂತ್‌ಬ್ರಶ್, ಸಾಧ್ಯವಾದರೆ ವ್ಯಾಕ್ಯೂಮ್ ಕ್ಲೀನರ್. ಕೈಗೆ ದಪ್ಪ ಗ್ಲೌಸ್ ಹಾಕಿಕೊಳ್ಳಿ. ಡ್ರೈಯರಿನ ಒಳತಗಡಿನ ಅಂಚು ಬ್ಲೇಡಿನಷ್ಟೇ ಹರಿತ.

ಹಂತ 1: ಬಿಚ್ಚದೆಯೇ ನೋಡಬೇಕಾದದ್ದು

ಮೊದಲು ಪ್ರೋಗ್ರಾಂ ನೋಡಿ. ತಣ್ಣನೆಯ ಗಾಳಿಯ ಪ್ರೋಗ್ರಾಂ ಆಯ್ದುಕೊಂಡು ಬಿಸಿಯಾಗುತ್ತಿಲ್ಲ ಎಂದು ಯಂತ್ರ ಬಿಚ್ಚಿದವರಿದ್ದಾರೆ. ಬಟ್ಟೆಯಿಂದ ಉದುರುವ ನೂಲಿನ ಧೂಳು, ಅಂದರೆ ಲಿಂಟ್, ಹಿಡಿಯುವ ಜಾಲರಿ ತೆಗೆದು ಬೆಳಕಿಗೆ ಹಿಡಿಯಿರಿ. ಬೆಳಕು ಆಚೆ ದಾಟದಿದ್ದರೆ ಕಾರಣದ ಅರ್ಧ ಭಾಗ ಅಲ್ಲೇ ಸಿಕ್ಕಿತು. ಫ್ಯಾಬ್ರಿಕ್ ಕಂಡೀಷನರ್ ಜಾಸ್ತಿ ಬಳಸುವ ಮನೆಗಳಲ್ಲಿ ಜಾಲರಿ ನೋಡಲು ಸ್ವಚ್ಛವಾಗಿದ್ದರೂ ಮೇಲೆ ಕಣ್ಣಿಗೆ ಕಾಣದ ಜಿಡ್ಡಿನ ಪೊರೆ ಕೂತಿರುತ್ತದೆ. ನಲ್ಲಿಯ ಕೆಳಗೆ ಹಿಡಿದಾಗ ನೀರು ಸಲೀಸಾಗಿ ಇಳಿಯದೆ ಜಾಲರಿಯ ಮೇಲೆ ನಿಂತರೆ ಸೋಪು ಹಾಕಿ ಬ್ರಶ್‌ನಿಂದ ಉಜ್ಜಿ.

ಆಮೇಲೆ ಲಕ್ಷಣ ಗಮನಿಸಿ. ಡ್ರಮ್ ತಿರುಗಿ ಬಿಸಿ ಬರದಿದ್ದರೆ ಹೀಟರಿನ ದಾರಿಯಲ್ಲಿರುವ ಫ್ಯೂಸ್, ಶಾಖ ನೋಡಿ ಹೀಟರನ್ನು ಆಫ್-ಆನ್ ಮಾಡುವ ಥರ್ಮೋಸ್ಟಾಟ್ ಅಥವಾ ಹೀಟರ್ ಮೇಲೆ ಅನುಮಾನ. ದೀಪ ಬಂದು, ಸ್ಟಾರ್ಟ್ ಒತ್ತಿದರೂ ಡ್ರಮ್ ಅಲುಗದಿದ್ದರೆ ಅಲ್ಲೂ ಫ್ಯೂಸೇ ಕಾರಣವಿರಬಹುದು, ಏಕೆಂದರೆ ಕೆಲವು ಮಾದರಿಗಳಲ್ಲಿ ಅದನ್ನು ಮೋಟಾರಿನ ದಾರಿಯಲ್ಲಿ ಇಟ್ಟಿರುತ್ತಾರೆ. ಬಾಗಿಲಿನ ಸ್ವಿಚ್ ಕೆಟ್ಟರೂ ಇದೇ ಲಕ್ಷಣ. ಮೋಟಾರ್ ಗುಂಯ್‌ಗುಟ್ಟಿ ತಿರುಗದಿದ್ದರೆ ಕೂಡಲೇ ಆಫ್ ಮಾಡಿ, ಗೋಡೆಯ ಸಾಕೆಟ್‌ನಲ್ಲಿ ವೋಲ್ಟೇಜ್ ಎಷ್ಟಿದೆ ಎಂದು ಗೊತ್ತಿರುವವರಿಂದ ನೋಡಿಸಿ. ಲೈನಿನ ತುದಿಯಲ್ಲಿರುವ ಎಸ್ಟೇಟ್ ಮನೆಗಳಲ್ಲಿ ಸಂಜೆ ಹೊತ್ತು ವೋಲ್ಟೇಜ್ ಕುಸಿದಾಗ ಹೀಗಾಗುತ್ತದೆ. ಆಗ ಯಂತ್ರದ ತಪ್ಪೇನೂ ಇರುವುದಿಲ್ಲ.

ಕೆಲವು ಯಂತ್ರಗಳ ಹಿಂದೆ ಸಣ್ಣ ರೀಸೆಟ್ ಬಟನ್ ಇರುತ್ತದೆ, ಸಾಮಾನ್ಯವಾಗಿ ಕೆಂಪು ಬಣ್ಣದ್ದು. ಪ್ಲಗ್ ಕಿತ್ತು, ಯಂತ್ರ ತಣಿದ ಮೇಲೆ ಅದನ್ನು ಒತ್ತಿ. ಟಕ್ ಎಂದರೆ ಕಟ್-ಔಟ್ ಶಾಖಕ್ಕೆ ಸಂಪರ್ಕ ಬಿಟ್ಟುಕೊಂಡಿತ್ತು ಎಂದರ್ಥ. ಅಲ್ಲಿಗೆ ಬಿಚ್ಚುವ ಕೆಲಸ ತಪ್ಪಿತು, ಆದರೆ ಹಂತ 6 ತಪ್ಪಲಿಲ್ಲ.

ಹಂತ 2: ಕರೆಂಟ್ ಕಡಿಯುವುದು

ಪ್ಲಗ್ಗನ್ನು ಸಾಕೆಟ್‌ನಿಂದ ಕಿತ್ತು, ಕೆಲಸ ಮಾಡುವಾಗ ಕಣ್ಣಿಗೆ ಕಾಣುವಂತೆ ಯಂತ್ರದ ಮೇಲೆ ಇಡಿ. ಸ್ವಿಚ್ ಆಫ್ ಮಾಡಿದರೆ ಸಾಲದು, ಮೇನ್ ಇಳಿಸಿದರೂ ಸಾಲದು. ನಮ್ಮಲ್ಲಿ ಮಳೆಗಾಲಕ್ಕೆಂದು ಇನ್ವರ್ಟರ್ ಇಲ್ಲದ ಮನೆ ಕಡಿಮೆ, ಹೋಂಸ್ಟೇಗಳಲ್ಲಿ ತಾನಾಗಿ ಶುರುವಾಗುವ ಜನರೇಟರ್ ಬೇರೆ. ಮೇನ್ ಆಫ್ ಆಗಿದ್ದರೂ ಯಾವ ಸಾಕೆಟ್‌ಗೆ ಯಾವ ದಾರಿಯಿಂದ ಕರೆಂಟ್ ಬರುತ್ತದೆ ಎಂಬುದು ವೈರಿಂಗ್ ಮಾಡಿದವನಿಗೇ ಗೊತ್ತು.

ಪ್ಲಗ್ ಇಲ್ಲದೆ ನೇರ ವೈರ್ ಎಳೆದಿರುವ ಯಂತ್ರವಾದರೆ ಎಲೆಕ್ಟ್ರಿಷಿಯನ್ ಇಲ್ಲದೆ ಮುಂದುವರಿಯಬೇಡಿ.

ಇನ್ನು ಒಂದು ಗಂಟೆ ಕಾಯಿರಿ. ಸುಟ್ಟುಕೊಳ್ಳಬಾರದು ಎಂಬುದಷ್ಟೇ ಇದಕ್ಕೆ ಕಾರಣವಲ್ಲ. ಬಿಸಿಯಿದ್ದಾಗ ಥರ್ಮೋಸ್ಟಾಟ್ ತಾನಾಗಿ ಸಂಪರ್ಕ ಬಿಟ್ಟಿರುತ್ತದೆ, ಆಗ ಅಳೆದರೆ ಒಳ್ಳೆಯ ಥರ್ಮೋಸ್ಟಾಟೂ ಕೆಟ್ಟದ್ದಾಗಿ ಕಾಣುತ್ತದೆ. ಮೋಟಾರಿನ ಬಳಿ ಉರುಳೆಯಾಕಾರದ ಕೆಪಾಸಿಟರ್ ಇರುತ್ತದೆ. ಪ್ಲಗ್ ಕಿತ್ತ ಮೇಲೂ ಅದರಲ್ಲಿ ಚಾರ್ಜ್ ಉಳಿದಿರಬಹುದು, ಅದರ ತುದಿಗಳನ್ನು ಮುಟ್ಟಬೇಡಿ.

ಹಂತ 3: ಹಿಂದಿನ ತಗಡು ತೆಗೆದು ಫ್ಯೂಸ್ ಹುಡುಕುವುದು

ಬಹುತೇಕ ಡ್ರೈಯರ್‌ಗಳಲ್ಲಿ ದಾರಿ ಹಿಂದಿನಿಂದ. ಕೊಳವೆ ಕಳಚಿ, ಯಂತ್ರವನ್ನು ಗೋಡೆಯಿಂದ ಮುಂದಕ್ಕೆಳೆದು, ಹಿಂದಿನ ತಗಡಿನ ಸ್ಕ್ರೂಗಳನ್ನು ಒಂದು ಬಟ್ಟಲಿಗೆ ಹಾಕಿಕೊಳ್ಳಿ. ವಾಷಿಂಗ್ ಮೆಷಿನ್ ಮೇಲೆ ಡ್ರೈಯರ್ ಕೂರಿಸಿದ್ದರೆ ಇನ್ನೊಬ್ಬರ ಸಹಾಯದಿಂದ ಮೊದಲು ನೆಲಕ್ಕಿಳಿಸಿ. ಒಬ್ಬರೇ ಸಾಹಸ ಮಾಡಿದರೆ ಸೊಂಟ ಹೋಗುತ್ತದೆ, ಇಲ್ಲವೇ ಯಂತ್ರ ಬೀಳುತ್ತದೆ.

ತಗಡು ಬಂದ ಕೂಡಲೇ, ಏನನ್ನೂ ಮುಟ್ಟುವ ಮುಂಚೆ, ಮೊಬೈಲ್‌ನಲ್ಲಿ ಫೋಟೋ ತೆಗೆಯಿರಿ: ದೂರದಿಂದ ಒಂದು, ಹತ್ತಿರದಿಂದ ಪ್ರತಿ ವೈರಿನದು. ಈ ಅಭ್ಯಾಸ ಇಲ್ಲದವರ ಕೆಲಸ ಜೋಡಿಸುವಾಗ ನಿಲ್ಲುತ್ತದೆ.

ಈಗ ಹೀಟರ್ ಪೆಟ್ಟಿಗೆ ಹುಡುಕಿ. ದಪ್ಪ ವೈರ್‌ಗಳು ಹೋಗಿ ಸೇರುವ ತಗಡಿನ ಡಬ್ಬಿ ಅದು. ಅದರ ಮೇಲೋ ಪಕ್ಕದಲ್ಲೋ ಎರಡು ಸ್ಕ್ರೂಗಳಿಂದ ಹಿಡಿಸಿದ, ನಾಣ್ಯದಷ್ಟು ಅಗಲದ ಬಿಲ್ಲೆಗಳು ಕಾಣುತ್ತವೆ, ಪ್ರತಿಯೊಂದಕ್ಕೂ ಎರಡು ವೈರ್. ಇನ್ನು ಕೆಲವು ಮಾದರಿಗಳಲ್ಲಿ ಫ್ಯೂಸ್ ಹೀಟರ್ ಬಳಿ ಇರುವುದಿಲ್ಲ. ಗಾಳಿಯನ್ನು ಹೊರಗೆ ನೂಕುವ ಫ್ಯಾನಿನ ಪ್ಲಾಸ್ಟಿಕ್ ಕವಚದ ಮೇಲೆ ಬಿಳಿ ಬಣ್ಣದ, ಉದ್ದನೆಯ ತುಂಡಾಗಿ ಕೂತಿರುತ್ತದೆ. ಎರಡೂ ಕಡೆ ಇರುವ ಯಂತ್ರಗಳೂ ಇವೆ.

ಎರಡು ಬಿಲ್ಲೆ ಕಂಡರೆ ಒಂದು ಥರ್ಮೋಸ್ಟಾಟ್, ಇನ್ನೊಂದು ಒಮ್ಮೆ ಹೋದರೆ ಮತ್ತೆ ಕೂಡದ ಕಟ್-ಔಟ್ ಆಗಿರುವುದು ಸಾಮಾನ್ಯ. ಮೇಲೆ ಅಚ್ಚಾಗಿರುವ ಉಷ್ಣತೆಯ ಅಂಕಿ ಓದಿ ಬರೆದುಕೊಳ್ಳಿ. ದೊಡ್ಡ ಅಂಕಿಯದು ಬಹುತೇಕ ಕಟ್-ಔಟ್. ಯಾವುದು ಯಾವುದೆಂದು ತಿಳಿಯದಿದ್ದರೂ ಪರವಾಗಿಲ್ಲ, ಎರಡನ್ನೂ ಅಳೆಯುವುದೇ.

ಅಳೆಯುವ ಮುಂಚೆ ಕಣ್ಣಿಂದ ನೋಡಿ. ಕನೆಕ್ಟರ್ ಕಂದು ತಿರುಗಿದೆಯೇ? ವೈರಿನ ಪ್ಲಾಸ್ಟಿಕ್ ತುದಿಯಲ್ಲಿ ಗಟ್ಟಿಯಾಗಿ ಬಿರುಕು ಬಿಟ್ಟಿದೆಯೇ? ನಮ್ಮ ತೇವಕ್ಕೆ ಟರ್ಮಿನಲ್ ಮೇಲೆ ಹಸಿರು ಕಿಲುಬು ಕೂರುತ್ತದೆ. ಅದರಿಂದ ಸಂಪರ್ಕ ಸಡಿಲಾಗಿ, ಸಡಿಲಾದ ಜಾಗ ಕಾದು, ಕೊನೆಗೆ ಸುಡುತ್ತದೆ. ವೈರ್ ಕಚ್ಚಿದ ಗುರುತು, ಇಲಿ ಹಿಕ್ಕೆ ಕಂಡರೆ ಉಳಿದ ವೈರ್‌ಗಳನ್ನೂ ಪೂರ್ತಿ ಹಿಂಬಾಲಿಸಿ ನೋಡಿ.

ಹಂತ 4: ಮೀಟರ್ ಹಿಡಿಯುವುದು

ಹೆಚ್ಚಿನ ತಪ್ಪು ಆಗುವುದು ಇಲ್ಲಿ. ನಿಧಾನಿಸಿ.

ಮೀಟರಿನ ಕಪ್ಪು ವೈರ್ ಕಾಮ್ ಎಂದು ಬರೆದ ತೂತಿಗೆ, ಕೆಂಪು ವೈರ್ ವೋಲ್ಟ್-ಓಮ್ ಗುರುತಿನ ತೂತಿಗೆ. ಹತ್ತು ಆಂಪಿಯರ್ ಎಂದಿರುವ ತೂತಿಗಲ್ಲ. ಗುಂಡಿಯನ್ನು 200 ಓಮ್‌ಗೆ ತಿರುಗಿಸಿ. ಈಗ ಎರಡು ಮೊನೆಗಳನ್ನು ಒಂದಕ್ಕೊಂದು ತಾಗಿಸಿ. 0.2ರಿಂದ 0.5 ಓಮ್‌ನಷ್ಟು ತೋರಿಸಿದರೆ ಮೀಟರ್ ಸರಿ ಇದೆ, ಆ ಅಂಕಿ ಅದರ ವೈರ್‌ಗಳದ್ದೇ. ಬಿಡಿಸಿ ಹಿಡಿದಾಗ ಎಡ ಅಂಚಿನಲ್ಲಿ ಬರೀ 1 ಅಥವಾ ಓ-ಎಲ್ ಬರುತ್ತದೆ. ದಾರಿ ಕಡಿದಿದೆ ಎಂಬುದಕ್ಕೆ ಅದೇ ಗುರುತು. ಬ್ಯಾಟರಿ ಇಳಿದ ಮೀಟರ್ ಏನು ಬೇಕಾದರೂ ಹೇಳುತ್ತದೆ, ಈ ತಪಾಸಣೆ ಬಿಡಬೇಡಿ.

ಈಗ ಫ್ಯೂಸಿನ ಎರಡೂ ವೈರ್ ಕಳಚಿ. ವೈರ್ ಹಿಡಿದು ಎಳೆಯಬಾರದು, ನೋಸ್ ಪ್ಲೈಯರಿನಿಂದ ಕನೆಕ್ಟರಿನ ಲೋಹವನ್ನು ಹಿಡಿದು ಸ್ವಲ್ಪ ಸ್ವಲ್ಪವೇ ಅಲುಗಿಸಿ ತೆಗೆಯಬೇಕು. ಮೊನೆಗಳನ್ನು ಫ್ಯೂಸಿನ ಎರಡು ಟರ್ಮಿನಲ್‌ಗಳಿಗೆ ಒತ್ತಿ ಹಿಡಿಯಿರಿ, ಕಿಲುಬಿದ್ದರೆ ಮೊನೆಯಿಂದ ಕೆರೆದು ಹಿಡಿಯಿರಿ.

ಸೊನ್ನೆಗೆ ಹತ್ತಿರ, ಅಂದರೆ ಮೊನೆಗಳನ್ನು ತಾಗಿಸಿದಾಗ ಬಂದಷ್ಟೇ ಬಂದರೆ ಫ್ಯೂಸ್ ಚೆನ್ನಾಗಿದೆ. ಬರೀ 1 ಅಥವಾ ಓ-ಎಲ್ ಬಂದರೆ ಹೋಗಿದೆ. ನಡುವಿನ ಅಂಕಿ, ಹತ್ತೋ ಇಪ್ಪತ್ತೋ ಓಮ್, ಬಂದು ಕುಣಿಯುತ್ತಿದ್ದರೆ ಟರ್ಮಿನಲ್ ಉಜ್ಜಿ ಮತ್ತೊಮ್ಮೆ ನೋಡಿ. ಆಗಲೂ ಹಾಗೇ ಇದ್ದರೆ ಅದನ್ನು ನಂಬಬೇಡಿ, ಬದಲಿಸಿ.

ವೈರ್ ಯಾಕೆ ಕಳಚಲೇಬೇಕು ಎಂದರೆ, ವೈರ್ ಇದ್ದಾಗ ಮೀಟರಿನ ಪ್ರವಾಹ ಫ್ಯೂಸನ್ನು ಬಿಟ್ಟು ಹೀಟರ್, ಮೋಟಾರ್ ಸುತ್ತಿ ಬಂದು ಇನ್ನೊಂದು ಮೊನೆ ಸೇರಬಹುದು. ಫ್ಯೂಸ್ ಸತ್ತಿದ್ದರೂ ದಾರಿ ಸಿಕ್ಕಂತೆ ಕಾಣುತ್ತದೆ. ಬೀಪ್ ಸದ್ದನ್ನು ನಂಬಬಾರದು ಎನ್ನುವುದೂ ಇದಕ್ಕೇ. ಬಹಳಷ್ಟು ಮೀಟರ್‌ಗಳು ಮೂವತ್ತು ಓಮ್ ಆಸುಪಾಸಿಗೂ ಬೀಪ್ ಅನ್ನುತ್ತವೆ, 2000 ವ್ಯಾಟ್ ಹೀಟರಿನ ತಂತಿಯ ಅಳತೆ ಸುಮಾರು 26 ಓಮ್. ಅಂದರೆ ನೀವು ಕೇಳುತ್ತಿರುವುದು ಹೀಟರಿನ ಬೀಪ್ ಇರಬಹುದು. ಕಿವಿಗಿಂತ ಕಣ್ಣು ನಂಬಿ, ಅಂಕಿ ಓದಿ.

ಹಂತ 5: ಫ್ಯೂಸ್ ಸರಿ ಇದ್ದರೆ ಮುಂದೆ ಯಾವುದು

ಥರ್ಮೋಸ್ಟಾಟ್ ಬಿಲ್ಲೆಯನ್ನೂ ಹೀಗೆಯೇ ಅಳೆಯಿರಿ, ತಣ್ಣಗಿದ್ದಾಗ ಅದೂ ಸೊನ್ನೆಗೆ ಹತ್ತಿರ ತೋರಿಸಬೇಕು.

ಹೀಟರ್ ಲೆಕ್ಕ ಸುಲಭ. 230 ವೋಲ್ಟ್‌ನಲ್ಲಿ 2000 ವ್ಯಾಟ್‌ಗೆ 26 ಓಮ್, 1000 ವ್ಯಾಟ್‌ಗೆ 53 ಓಮ್. ಕೆಲವು ಹೀಟರ್‌ಗಳಲ್ಲಿ ಎರಡು ಸುರುಳಿ ಇದ್ದು ಬೇರೆ ಬೇರೆ ಅಂಕಿ ಬರುತ್ತದೆ. ಓ-ಎಲ್ ಬಂದರೆ ಸುರುಳಿ ತುಂಡಾಗಿದೆ. ಆಮೇಲೆ ಮೀಟರನ್ನು ಅತಿ ದೊಡ್ಡ ಓಮ್ ರೇಂಜಿಗೆ ಹಾಕಿ, ಒಂದು ಮೊನೆ ಹೀಟರಿನ ಟರ್ಮಿನಲ್‌ಗೆ, ಇನ್ನೊಂದು ಬಣ್ಣವಿಲ್ಲದ ಬರಿ ತಗಡಿಗೆ ಹಿಡಿಯಿರಿ. ಮೊನೆಗಳ ಲೋಹಕ್ಕೆ ಬೆರಳು ತಾಗಬಾರದು, ತಾಗಿದರೆ ನಿಮ್ಮ ಮೈಯ ಅಳತೆಯೇ ಬರುತ್ತದೆ. ಇಲ್ಲಿ ಓ-ಎಲ್ ಬರಬೇಕು. ಏನಾದರೂ ಅಂಕಿ ಬಂದರೆ ಹೀಟರ್ ಯಂತ್ರದ ತಗಡಿಗೆ ತಾಗುತ್ತಿದೆ. ಶುರುಮಾಡಿದ ಕೂಡಲೇ, ಕರೆಂಟ್ ಸೋರಿದರೆ ಲೈನ್ ಕಡಿಯುವ ಆರ್‌ಸಿಸಿಬಿ ಬೀಳುವ ಯಂತ್ರಗಳಲ್ಲಿ ಇದನ್ನು ಮೊದಲು ನೋಡಬೇಕು. ಇಂಥ ಹೀಟರನ್ನು ಒಣಗಿಸಿ ಮತ್ತೆ ಓಡಿಸುವ ಯೋಚನೆ ಬೇಡ.

ಇವೆಲ್ಲ ಸರಿ ಇದ್ದೂ ಬಿಸಿ ಬಾರದಿದ್ದರೆ ತೊಂದರೆ ಬೋರ್ಡಿನಲ್ಲಿ ಅಥವಾ ಸೆನ್ಸರಿನಲ್ಲಿ. ಅಲ್ಲಿಗೆ ಮನೆಯ ಕೆಲಸ ಮುಗಿಯಿತು, ಮೆಕ್ಯಾನಿಕ್‌ಗೆ ಕೊಡಿ.

ಹಂತ 6: ಗಾಳಿ ಎಲ್ಲಿ ನಿಂತಿತು?

ಫ್ಯೂಸ್ ಹೋಗಿದೆ ಎಂದು ಗೊತ್ತಾದ ಮೇಲೆ ಅಂಗಡಿಗೆ ಹೊರಡುವ ಮುಂಚೆ ಮಾಡಬೇಕಾದ ಕೆಲಸ ಇದು. ಕ್ರಮ ಒಳಗಿನಿಂದ ಹೊರಗೆ.

ಜಾಲರಿ ಕೂರುವ ಗೂಡಿನೊಳಗೆ ಟಾರ್ಚ್ ಬಿಡಿ. ಅದರ ತಳದಲ್ಲಿ ಸೇರಿದ ಲಿಂಟನ್ನು ವ್ಯಾಕ್ಯೂಮ್‌ನಿಂದ ಎಳೆಯಿರಿ. ಫ್ಯಾನನ್ನು ಕೈಯಿಂದ ತಿರುಗಿಸಿ, ಅದು ಮೋಟಾರ್ ಶಾಫ್ಟಿನ ಮೇಲೆ ಸಡಿಲವಾಗಿ ಜಾರುತ್ತಿದ್ದರೆ ಮೋಟಾರ್ ಓಡಿದರೂ ಗಾಳಿ ಓಡುವುದಿಲ್ಲ. ಕಂಡೆನ್ಸರ್ ಬಗೆಯಲ್ಲಿ ಕೆಳಗಿನ ಬಾಗಿಲು ತೆಗೆದು ಕಂಡೆನ್ಸರ್ ಘಟಕ ಹೊರಗೆಳೆದು, ಷವರಿನಲ್ಲಿ ತೊಳೆದು, ಪೂರ್ತಿ ನೀರು ಬಸಿದ ಮೇಲೆ ಹಾಕಿ.

ವೆಂಟೆಡ್ ಯಂತ್ರದ ಕೊಳವೆ ಗೋಡೆಗೂ ಯಂತ್ರಕ್ಕೂ ನಡುವೆ ಅಪ್ಪಚ್ಚಿಯಾಗಿರುವುದು ಬಹಳ ಸಾಮಾನ್ಯ. ಜಾಗ ಉಳಿಸಲು ಯಂತ್ರವನ್ನು ಹಿಂದಕ್ಕೆ ನೂಕುತ್ತಾರೆ, ಕೊಳವೆ ಮಡಚಿಕೊಳ್ಳುತ್ತದೆ. ಉದ್ದ ಜಾಸ್ತಿಯಾದ ಕೊಳವೆಯನ್ನು ಸುತ್ತಿಡುವುದೂ ತಪ್ಪು. ಜೋತುಬಿದ್ದ ತಗ್ಗಿನಲ್ಲಿ ಹಬೆ ನೀರಾಗಿ ನಿಂತು, ಅದಕ್ಕೆ ಲಿಂಟ್ ಅಂಟಿ ಕೆಸರಾಗುತ್ತದೆ. ಬೇಕಾದಷ್ಟೇ ಉಳಿಸಿ ಕತ್ತರಿಸಿ, ಹೊರಗಿನ ಕಡೆಗೆ ಸ್ವಲ್ಪ ಇಳಿಜಾರು ಕೊಡಿ.

ಇನ್ನು ಗೋಡೆಯ ಆಚೆಗೆ ಹೋಗಿ, ಕೊಳವೆಯ ಬಾಯಿ ನೋಡಿ. ನಮ್ಮ ಊರಿನ ಡ್ರೈಯರ್‌ಗಳ ನಿಜವಾದ ಶತ್ರು ಇರುವುದು ಇಲ್ಲಿ. ಹುಳ ಬರುತ್ತದೆ, ಹಾವು ಬರುತ್ತದೆ ಎಂದು ಬಾಯಿಗೆ ಸೊಳ್ಳೆಪರದೆಯ ಜಾಲರಿ ಕಟ್ಟಿರುತ್ತಾರೆ. ಬೇಸಿಗೆಯಲ್ಲಿ ಲಿಂಟ್ ಒಣಗಿ ಹಾರಿಹೋಗುತ್ತದೆ, ತೊಂದರೆ ಕಾಣಿಸುವುದಿಲ್ಲ. ಮಳೆ ಹಿಡಿದ ಮೇಲೆ ಒದ್ದೆ ಲಿಂಟ್ ಆ ಸಣ್ಣ ಕಣ್ಣುಗಳಿಗೆ ಅಂಟಿ, ಪದರದ ಮೇಲೆ ಪದರ ಸೇರಿ, ಬೂದು ಕಂಬಳಿಯ ತುಂಡಿನಂತಾಗುತ್ತದೆ. ಬೆರಳಿನಿಂದ ಸುಲಿದರೆ ಇಡೀ ಚಕ್ಕೆ ಒಂದೇ ಸಲ ಎದ್ದು ಬರುತ್ತದೆ, ಅದರ ಹಿಂದೆ ಜಾಲರಿಯ ಚೌಕಗಳ ಅಚ್ಚು ಸ್ಪಷ್ಟವಾಗಿರುತ್ತದೆ. ಜಾಲರಿ ಕಿತ್ತುಹಾಕಿ, ಅದರ ಬದಲು ಗಾಳಿ ಬಂದಾಗ ತೆರೆದು ನಿಂತಾಗ ಮುಚ್ಚುವ ರೆಕ್ಕೆಯ ಮುಚ್ಚಳ ಹಾಕಿಸಿ. ಆ ರೆಕ್ಕೆಯೂ ಅಂಟಿಕೊಳ್ಳುತ್ತದೆ, ಆಗಾಗ ಬೆರಳಿನಿಂದ ಎತ್ತಿ ನೋಡಬೇಕು.

ಕಣಜದ ಮಣ್ಣಿನ ಗೂಡು ಇನ್ನೊಂದು. ಬೇಸಿಗೆ ಪೂರ್ತಿ ಯಂತ್ರ ಮುಟ್ಟದೆ ಜೂನ್‌ನಲ್ಲಿ ಒಮ್ಮೆಲೇ ಶುರುಮಾಡುವ ಮನೆಗಳಲ್ಲಿ ಇದನ್ನು ನೋಡದೆ ಸ್ವಿಚ್ ಹಾಕಬಾರದು. ಎರಚಲು ಒಳಗೆ ಬರುತ್ತದೆಂದು ಬಾಯಿಗೆ ಗೋಣಿಚೀಲ ತುರುಕಿ ಮರೆತುಬಿಟ್ಟ ಉದಾಹರಣೆಗಳೂ ಇವೆ. ಮಳೆಗಾಳಿ ನೇರ ಬಡಿಯುವ ಪಡುವಣ ಗೋಡೆಯನ್ನು ಬಿಟ್ಟು ಬೇರೆ ಗೋಡೆಗೆ ಕೊಳವೆ ತಿರುಗಿಸಿದರೆ ಗೋಣಿಯ ಅಗತ್ಯವೇ ಬರುವುದಿಲ್ಲ.

ಗಾಳಿಯ ದಾರಿ ಪೂರ್ತಿ ಸ್ವಚ್ಛ, ಆದರೂ ಫ್ಯೂಸ್ ಹೋಗಿದೆ ಎಂದರೆ ಎರಡು ಸಾಧ್ಯತೆ. ಒಂದು, ಥರ್ಮೋಸ್ಟಾಟಿನ ಸಂಪರ್ಕ ಒಳಗೇ ಅಂಟಿಕೊಂಡು ಹೀಟರ್ ಆಫ್ ಆಗುತ್ತಿಲ್ಲ. ಇದು ತಣ್ಣಗೆ ಅಳೆದರೆ ಗೊತ್ತಾಗದು, ಆದ್ದರಿಂದ ಕಟ್-ಔಟ್ ಮತ್ತು ಥರ್ಮೋಸ್ಟಾಟ್ ಎರಡನ್ನೂ ಜೋಡಿಯಾಗಿ ಬದಲಿಸುವುದು ಜಾಣತನ. ಇನ್ನೊಂದು, ಕರೆಂಟ್. ಹೀಟರ್ ಕೆಂಪಗೆ ಕಾದಿರುವಾಗ ಲೈನ್ ಮೇಲೆ ಮರ ಬಿದ್ದು ಕರೆಂಟ್ ಹೋಯಿತು ಎಂದುಕೊಳ್ಳಿ. ಹೀಟರಿನ ಜೊತೆ ಫ್ಯಾನೂ ನಿಂತಿತು. ಪೆಟ್ಟಿಗೆಯೊಳಗಿನ ಶಾಖಕ್ಕೆ ಹೊರಹೋಗಲು ದಾರಿಯಿಲ್ಲ, ಅದು ಏರಿ ಕಟ್-ಔಟನ್ನು ಬಿಡಿಸುತ್ತದೆ. ಎಲ್ಲ ಸರಿ ಇದ್ದ ಯಂತ್ರ ಹೀಗೆ ಒಂದು ರಾತ್ರಿಯಲ್ಲಿ ತಣ್ಣಗಾಗುತ್ತದೆ.

ಹಂತ 7: ಹೊಸ ಫ್ಯೂಸ್

ಯಂತ್ರದ ಮಾದರಿ ಸಂಖ್ಯೆ ಸಾಮಾನ್ಯವಾಗಿ ಬಾಗಿಲಿನ ಒಳ ಅಂಚಿನಲ್ಲೋ ಹಿಂದಿನ ತಗಡಿನ ಮೇಲೋ ಇರುತ್ತದೆ. ಅದರ ಫೋಟೋ, ಹಳೆ ಫ್ಯೂಸಿನ ಮೇಲಿನ ಬರಹದ ಫೋಟೋ, ಎರಡನ್ನೂ ಬಿಡಿಭಾಗದವರಿಗೆ ಕಳಿಸಿ. ಹತ್ತಿರದಲ್ಲಿ ಸಿಗದಿದ್ದರೆ ಮೈಸೂರು, ಬೆಂಗಳೂರಿನಿಂದ ಕೊರಿಯರ್‌ನಲ್ಲಿ ತರಿಸಬೇಕಾಗಬಹುದು. ಆ ಕಾಯುವಿಕೆಯೇ ಜನರನ್ನು ಅಡ್ಡದಾರಿಗೆ ಎಳೆಯುವುದು. “ಅಣ್ಣಾ, ಎರಡು ವೈರ್ ಸೇರಿಸಿ ಟೇಪ್ ಸುತ್ತಿಬಿಡಿ, ನಾಳೆ ಗೆಸ್ಟ್ ಬರ್ತಾರೆ” ಎನ್ನುತ್ತಾರೆ. ಒಪ್ಪಬೇಡಿ, ಒಂದು ದಿನದ ಮಟ್ಟಿಗೂ ಬೇಡ. ಕಾಯುವವನಿಲ್ಲದ ಹೀಟರ್, ಪಕ್ಕದಲ್ಲೇ ಒಣ ಲಿಂಟ್. ಬೆಂಕಿಗೆ ಇನ್ನೇನು ಬೇಕು?

ಪೇಟೆಯ ಅಂಗಡಿಯಲ್ಲಿ ರೈಸ್ ಕುಕ್ಕರಿನ, ಇಸ್ತ್ರಿಪೆಟ್ಟಿಗೆಯ ಥರ್ಮಲ್ ಫ್ಯೂಸ್ ಸುಲಭವಾಗಿ ಸಿಗುತ್ತದೆ. ಹೆಸರು ಒಂದೇ, ಬಿಡುವ ಉಷ್ಣತೆ ಬೇರೆ. ಅದನ್ನು ಹಾಕಬೇಡಿ. ಉಷ್ಣತೆ, ಆಂಪಿಯರ್, ಆಕಾರ ಮೂರೂ ಹೊಂದಬೇಕು. ಎರಡು ತಂತಿಯ ಸಣ್ಣ ಕೊಳವೆಯಂಥ ಫ್ಯೂಸಾದರೆ ಬೆಸುಗೆ ಹಾಕಲೂ ಹೋಗಬೇಡಿ, ಬೆಸುಗೆಯ ಶಾಖಕ್ಕೇ ಅದು ಸಾಯುತ್ತದೆ. ಒತ್ತಿ ಕೂರಿಸುವ ಕ್ರಿಂಪ್ ಕನೆಕ್ಟರ್ ಬಳಸಿ.

ಹಾಕುವ ಮುಂಚೆ ಹೊಸದನ್ನೂ ಮೀಟರಿನಲ್ಲಿ ನೋಡಿ. ಬಿಲ್ಲೆ ತಗಡಿಗೆ ಸಮನಾಗಿ ಒತ್ತಿ ಕೂರಬೇಕು, ಓರೆಯಾದರೆ ಶಾಖ ತಡವಾಗಿ ತಿಳಿಯುತ್ತದೆ. ಕನೆಕ್ಟರ್ ಸುಲಭವಾಗಿ ಜಾರಿ ಹೊರಬಂದರೆ ಪ್ಲೈಯರಿನಿಂದ ತುಸು ಬಿಗಿ ಮಾಡಿ. ಕಂದಾಗಿದ್ದರೆ ಬಿಗಿ ಮಾಡುವುದು ದಂಡ, ಶಾಖ ತಡೆಯುವ ವೈರಿನೊಂದಿಗೆ ಹೊಸದನ್ನೇ ಹಾಕಿಸಿ.

ಹಂತ 8: ಮೊದಲ ಓಟ

ಎಲ್ಲ ತಗಡು ಮುಚ್ಚಿದ ಮೇಲೆಯೇ ಪ್ಲಗ್ ಹಾಕಿ. ತೆರೆದಿಟ್ಟು ಓಡಿಸಿದರೆ ಶಾಕ್ ಅಪಾಯ ಒಂದು, ಗಾಳಿಯ ದಾರಿ ತಪ್ಪುವುದು ಇನ್ನೊಂದು.

ಮೊದಲು ಬಟ್ಟೆಯಿಲ್ಲದೆ ತಣ್ಣನೆಯ ಗಾಳಿಯಲ್ಲಿ ಓಡಿಸಿ, ಹೊರಗೆ ಹೋಗಿ ಕೊಳವೆಯ ಬಾಯಿಗೆ ಅಂಗೈ ಹಿಡಿಯಿರಿ. ಗಾಳಿ ಜೋರಾಗಿ ತಾಗಬೇಕು, ರೆಕ್ಕೆ ಪೂರ್ತಿ ಎದ್ದು ನಿಲ್ಲಬೇಕು. ಆಮೇಲೆ ಒದ್ದೆ ಟವೆಲ್ ಒಂದೆರಡು ಹಾಕಿ ಬಿಸಿ ಪ್ರೋಗ್ರಾಂ ಕೊಡಿ.

ಹೀಟರ್ ನಿಜಕ್ಕೂ ಕೆಲಸ ಮಾಡುತ್ತಿದೆಯೇ ಎಂದು ನೋಡಲು ಮನೆಯ ಕರೆಂಟ್ ಮೀಟರೇ ಸಾಕು. ಅದರ ಮೇಲೆ ಒಂದು ಯೂನಿಟ್‌ಗೆ 3200 ಮಿಣುಕು (imp/kWh) ಎಂದಿದ್ದರೆ, 2000 ವ್ಯಾಟ್ ಎಳೆಯುವಾಗ ಕೆಂಪು ದೀಪ ನಿಮಿಷಕ್ಕೆ ನೂರಕ್ಕೂ ಮಿಕ್ಕಿ ಮಿಣುಕುತ್ತದೆ. ಬರೀ ಡ್ರಮ್ ತಿರುಗುವಾಗ ಅದು ನಿಧಾನ. ವ್ಯತ್ಯಾಸ ದೂರದಿಂದಲೇ ಗೊತ್ತಾಗುತ್ತದೆ. ಹೀಟರ್ ಆಗಾಗ ನಿಂತು ಮತ್ತೆ ಬರುತ್ತಿದ್ದರೆ ಥರ್ಮೋಸ್ಟಾಟ್ ಕೆಲಸ ಮಾಡುತ್ತಿದೆ. ಮೊದಲ ಅರ್ಧ ಗಂಟೆ ಯಂತ್ರದ ಬಳಿಯೇ ಇರಿ. ಸುಟ್ಟ ವಾಸನೆ, ಪ್ಲಗ್ ಕೈಗೆ ಬಿಸಿ ತಾಗುವುದು, ಬಟ್ಟೆ ಮುಟ್ಟಲಾಗದಷ್ಟು ಕಾದಿರುವುದು, ಈ ಮೂರರಲ್ಲಿ ಯಾವುದು ಕಂಡರೂ ಪ್ಲಗ್ ಕಿತ್ತು ಮೆಕ್ಯಾನಿಕ್‌ನನ್ನು ಕರೆಸಿ. ಹೊಸ ಫ್ಯೂಸ್ ಮತ್ತೆ ಹೋದರೂ ಅಷ್ಟೇ, ಮೂರನೆಯದನ್ನು ಹಾಕಬೇಡಿ.

ಮಳೆಗಾಲದಲ್ಲಿ ಓಡಿಸುವಾಗ

ಗಾಳಿ ಮಳೆ ಜೋರಾಗಿ ಕರೆಂಟ್ ಬಂದು ಹೋಗಿ ಆಡುತ್ತಿರುವ ಹೊತ್ತಿನಲ್ಲಿ ಡ್ರೈಯರ್ ಹಾಕಬೇಡಿ, ನಿಂತ ಮೇಲೆ ಹಾಕಿ. ನಡುವೆ ಕರೆಂಟ್ ಹೋದರೆ ಬಾಗಿಲು ತೆಗೆದು ಬಟ್ಟೆ ಹೊರಗೆಳೆದು ಹರವಿ, ಮುದ್ದೆಯಾಗಿ ಒಳಗೆ ಬಿಡಬಾರದು. ಕರೆಂಟ್ ಬಂದಾಗ ಮೊದಲು ಹತ್ತು ನಿಮಿಷ ತಣ್ಣನೆಯ ಗಾಳಿ, ಆಮೇಲೆ ಬಿಸಿ. ಕೊನೆಯ ತಣಿಸುವ ಹಂತ ಮುಗಿಯುವ ಮುಂಚೆ ಯಂತ್ರ ನಿಲ್ಲಿಸುವ ಅಭ್ಯಾಸವಿದ್ದರೆ ಬಿಡಿ, ಆ ಹಂತ ಇರುವುದೇ ಹೀಟರ್ ಪೆಟ್ಟಿಗೆಯ ಶಾಖ ಹೊರಹಾಕಲು.

ಆಯುರ್ವೇದ ಮಸಾಜ್ ಇರುವ ರೆಸಾರ್ಟಿನವರಿಗೆ ಒಂದು ಮಾತು: ಎಣ್ಣೆ ಹಿಡಿದ ಟವೆಲನ್ನು ಡ್ರೈಯರಿಗೆ ಹಾಕಲೇಬೇಡಿ. ಒಗೆದ ಮೇಲೂ ನೂಲಿನಲ್ಲಿ ಉಳಿಯುವ ಎಣ್ಣೆ ಬಿಸಿಗೆ ಸಿಕ್ಕು ತಾನಾಗಿಯೇ ಕಾಯುತ್ತಾ ಹೋಗಿ, ಯಂತ್ರ ನಿಂತು ಎಷ್ಟೋ ಹೊತ್ತಾದ ಮೇಲೆ ಬೆಂಕಿ ಹೊತ್ತಿಕೊಳ್ಳಬಹುದು. ಅಂಥ ಬೆಂಕಿಯನ್ನು ಯಾವ ಥರ್ಮಲ್ ಫ್ಯೂಸೂ ತಡೆಯುವುದಿಲ್ಲ. ಆ ಟವೆಲ್‌ಗಳಿಗೆ ಫ್ಯಾನ್ ಕೆಳಗಿನ ಹಗ್ಗವೇ ಸರಿ.